ಸಾವಿರಕ್ಕೆ ಎಷ್ಟು ಕೊಡ್ತಿದ್ರು?

ಊದಿನಕಡ್ಡಿ ಹೊಸೆಯುವ ಹಲಗೆಯನ್ನು ಕಂಕುಳಲ್ಲಿ ಇಟ್ಟುಕೊಂಡು ವಯಸ್ಸಾದ ಹೆಂಗಸರ ದುಡಿಮೆಯ ನೆನಪು ರೆಕಾರ್ಡ್ ಮಾಡಲು ಹೊರಟವಳು ಮೈಸೂರಿನಲ್ಲಿ ನಾನೊಬ್ಬಳೇ ಇರಬೇಕು. ಶುರುವಿನಲ್ಲಿ, ಹೀಗೆ ಹಳಬರ ನೆನಪು ರೆಕಾರ್ಡ್ ಮಾಡಿಡುವ ನಮ್ಮ ಗುಂಪಿನವರೇ ನಕ್ಕರು. ನಿವೃತ್ತ ಇತಿಹಾಸದ ಮೇಷ್ಟ್ರೊಬ್ಬರಂತೂ, "ಮೇಡಂ, ಇದು ಸಂದರ್ಶನ ಅಲ್ಲ, ನಾಟಕ. ನೀವು ಆಡಿಸ್ತೀರಿ, ಅವರು ಆಡ್ತಾರೆ" ಅಂದರು. ಈಗ ನನ್ನ ಹತ್ತಿರ ಐವತ್ತೆರಡೋ ಐವತ್ತಮೂರೋ ಹೆಂಗಸರ ಧ್ವನಿ ಇದೆ. ಅದರಲ್ಲಿ ಅರ್ಧಕ್ಕಿಂತ ಜಾಸ್ತಿ ಜನ ಮೊದಲ ಸಲ ಹೋದಾಗ "ನಾವೇನ್ ಕೆಲಸ ಮಾಡಿದ್ವಿ, ಸುಮ್ನೆ ಮನೇಲಿದ್ವಿ" ಅಂತ ವಾಪಸ್ ಕಳಿಸಿದವರು. ಅದೇ ಜನ ಎರಡನೇ ಸಲ ಮೂರು ಗಂಟೆ ಮಾತಾಡಿದ್ದಾರೆ. ಹೇಗೆ ಅಂತ ಕೇಳುವವರು ಜಾಸ್ತಿ ಆದರು, ಅದಕ್ಕೇ ಬರೆಯುತ್ತಿದ್ದೇನೆ.

ರೆಕಾರ್ಡರ್ ಹಿಡಿಯೋದು, ಒಪ್ಪಿಗೆ ಚೀಟಿ ಬರೆಸಿಕೊಳ್ಳೋದು, ಫೈಲಿಗೆ ಹೆಸರಿಡೋದು ನಿಮಗೆ ಗೊತ್ತೇ ಇದೆ. ಅದನ್ನು ಬಿಟ್ಟುಬಿಡುತ್ತೇನೆ.

ನಾನು ಕಾಲೇಜಿನವಳಲ್ಲ. ಬ್ಯಾಂಕಿನಲ್ಲಿ ಮೂವತ್ತೊಂದು ವರ್ಷ ಕ್ಯಾಷಿಯರ್ ಕೌಂಟರಿನಲ್ಲಿ ಕೂತವಳು. ನಮ್ಮಮ್ಮ ಕ್ಯಾತಮಾರನಹಳ್ಳಿಯ ಮನೆ ಜಗಲಿಯಲ್ಲಿ ಊದಿನಕಡ್ಡಿ ಹೊಸೆದು ನಮ್ಮನ್ನು ಓದಿಸಿದರು. 1971ರ ಜನಗಣತಿಯವರು ಬಂದಾಗ ನನಗೆ ಎಂಟು ವರ್ಷ. ಅಮ್ಮ ಹಲಗೆ ಮುಂದೆ ಕೂತಿದ್ದರು, ಮೊಣಕೈವರೆಗೂ ಇದ್ದಿಲು. ಬಂದ ಮೇಷ್ಟ್ರು "ಹೆಂಡತಿ ಏನ್ ಮಾಡ್ತಾರೆ?" ಅಂತ ಅಪ್ಪನನ್ನು ಕೇಳಿದರು. "ಮನೇಲಿರ್ತಾಳೆ" ಅಂದರು ಅಪ್ಪ. ಬರೆದುಕೊಂಡು ಹೋದರು. ಅಮ್ಮ ಕಡ್ಡಿಯಿಂದ ಕಣ್ಣೆತ್ತಲೂ ಇಲ್ಲ. ಆ ಸಲದ ಗಣತಿಯಲ್ಲಿ ಮೊದಲು ಕೇಳಿದ್ದೇ ಮುಖ್ಯ ಕೆಲಸ ಯಾವುದು ಅಂತ. ಅಡುಗೆ, ಮಕ್ಕಳು ಮುಖ್ಯ ಅಂದವರ ಮಿಕ್ಕ ಕೆಲಸ ಲೆಕ್ಕದಿಂದ ಜಾರಿಹೋಯಿತು. 1961ಕ್ಕೆ ಹೋಲಿಸಿದರೆ ದೇಶದಲ್ಲಿ ದುಡಿಯುವ ಹೆಂಗಸರ ಲೆಕ್ಕ ಧೊಪ್ಪೆಂದು ಇಳಿದುಹೋಗಿತ್ತು. 1981ರಲ್ಲಿ ಪೂರ್ತಿ ದುಡಿಯುವವರು, ಅಲ್ಪಸ್ವಲ್ಪ ದುಡಿಯುವವರು ಅಂತ ಎರಡು ಭಾಗ ಮಾಡಿ ಸ್ವಲ್ಪ ಸರಿ ಮಾಡಿದರು. ಇದೆಲ್ಲ ನಾನು ರಿಟೈರ್ ಆದ ಮೇಲೆ ಓದಿ ತಿಳಿದದ್ದು. ಆಗ ಗೊತ್ತಿದ್ದದ್ದು ಇಷ್ಟೇ, ಅಮ್ಮ ಕೆಲಸ ಮಾಡ್ತಿದ್ದರು, ಅಪ್ಪ ಇಲ್ಲ ಅಂದರು.

ಮೊದಲ ವರ್ಷ ಪೂರ್ತಿ ದಂಡ. ಅದನ್ನೂ ಹೇಳಬೇಕು, ಯಾಕೆಂದರೆ ಎಲ್ಲರೂ ಅದೇ ತಪ್ಪು ಮಾಡುತ್ತಿದ್ದಾರೆ.

ಗೋಡೆ ಮೇಲೆ ದೊಡ್ಡ ಚಾರ್ಟ್ ಹಾಕಿಕೊಂಡಿದ್ದೆ. 1912, ನಾಲ್ವಡಿಯವರ ಕಾಲದಲ್ಲಿ ಸ್ವಿಟ್ಜರ್ಲೆಂಡಿನಿಂದ ಹತ್ತು ಮಗ್ಗ ತರಿಸಿ ರೇಷ್ಮೆ ನೇಯ್ಗೆ ಕಾರ್ಖಾನೆ. 1917, ಗಂಧದೆಣ್ಣೆ ಕಾರ್ಖಾನೆ. ಯುದ್ಧದಿಂದಾಗಿ ಗಂಧದ ಮರ ಜರ್ಮನಿಗೆ ಹೋಗೋದು ನಿಂತಿತ್ತು, ಇಲ್ಲೇ ಎಣ್ಣೆ ತೆಗೆಯೋಣ ಅಂತ ಹಾಕಿದ್ದು. 1933, ಮಂಡ್ಯದ ಸಕ್ಕರೆ ಕಂಪನಿ. ಚಾರ್ಟ್ ಚೆನ್ನಾಗಿತ್ತು. ಅದಕ್ಕೆ ಹೆಂಗಸರನ್ನು ಜೋಡಿಸೋಣ ಅಂತ ಹೊರಟೆ. ನಲವತ್ತೆರಡು ಪ್ರಶ್ನೆ. ಮೊದಲನೇದು "ನೀವು ಯಾವ ವರ್ಷ ಕೆಲಸಕ್ಕೆ ಸೇರಿದಿರಿ?"

ಯಾರಿಗೂ ವರ್ಷ ಗೊತ್ತಿರಲಿಲ್ಲ. "ಸೇರಿದಿರಿ" ಅನ್ನೋ ಮಾತೇ ಅವರಿಗೆ ಹೊಂದುತ್ತಿರಲಿಲ್ಲ. ಸೇರೋದು ಕಾರ್ಖಾನೆಗೆ. ಇವರ ಮನೆಗೇ ಕೆಲಸ ಬಂದು ಕೂತಿತ್ತು, ಅತ್ತೆ ಮಾಡ್ತಿದ್ದಳು, ಸೊಸೆ ಪಕ್ಕದಲ್ಲಿ ಕೂತಳು, ಅಷ್ಟೇ. ಪ್ರಶ್ನೆ ಕೇಳಿದರೆ ಗಂಡನೋ ಮಗನೋ ಉತ್ತರ ಹೇಳೋರು. ಒಂದು ಮನೆಯಲ್ಲಿ ಮೊಮ್ಮಗ, ಎಂಟನೇ ಕ್ಲಾಸು, ಅಜ್ಜಿ ಬಗ್ಗೆ ಇಪ್ಪತ್ತು ನಿಮಿಷ ಮಾತಾಡಿದ. ಅಜ್ಜಿ ಪಕ್ಕದಲ್ಲೇ ಸೊಪ್ಪು ಬಿಡಿಸುತ್ತಾ ಕೂತಿದ್ದರು.

ಇನ್ನೊಂದು ಏರಿಯಾದಲ್ಲಿ ನಾನು ಲೇಬರ್ ಆಫೀಸಿನವಳು ಅಂತ ಸುದ್ದಿ ಹಬ್ಬಿತು. ಮಾಲು ಕೊಡುವ ಮಧ್ಯವರ್ತಿ ಅಂಗಡಿ ಮುಂದೆ ನಿಂತು ನನ್ನನ್ನೇ ನೋಡುತ್ತಿದ್ದ. ಆ ಬೀದಿಯಲ್ಲಿ ಎರಡು ತಿಂಗಳು ಒಂದು ಬಾಗಿಲೂ ತೆರೆಯಲಿಲ್ಲ. ಮತ್ತೊಂದು ಕಡೆ ಸಾಲದ ಸ್ಕೀಮಿನವಳು ಅಂದುಕೊಂಡು "ಆಧಾರ್ ಜೆರಾಕ್ಸ್ ತರ್ಲಾ ಮೇಡಂ?" ಅಂತ ಹನ್ನೊಂದು ಜನ ಸಾಲು ನಿಂತರು. ಗುಂಪಾಗಿ ಕೂರಿಸಿ ಮಾತಾಡಿಸಿದೆ, ಗಟ್ಟಿ ಗಂಟಲಿನವಳು ಒಬ್ಬಳೇ ಮಾತಾಡಿದಳು. ಸೀರೆ ಕೊಟ್ಟು ನೋಡಿದೆ. ಅದು ದೊಡ್ಡ ತಪ್ಪು. ಸೀರೆ ಇಸ್ಕೊಂಡವರು ನನಗೆ ಖುಷಿಯಾಗುವ ಮಾತನ್ನೇ ಆಡಿದರು. "ತುಂಬಾ ಕಷ್ಟ ಮೇಡಂ, ತುಂಬಾ ಕಷ್ಟ." ಹದಿನೆಂಟು ಗಂಟೆ ಆಡಿಯೋ, ಪೂರ್ತಿ ಕಷ್ಟ. ಏನು ಕಷ್ಟ, ಎಷ್ಟು ಕಷ್ಟ, ಯಾವಾಗ ಅಂತ ಕೇಳಿದರೆ ಇಲ್ಲ.

ಬಾಗಿಲು ತೆರೆದದ್ದು ನನ್ನ ದಡ್ಡತನದಿಂದ. ಅಮ್ಮನ ಹಳೆಯ ಹಲಗೆ ಅಟ್ಟದ ಮೇಲೆ ಸಿಕ್ಕಿತು. ಇದನ್ನು ತೋರಿಸಿ ಕೇಳೋಣ ಅಂತ ಗಾಂಧಿನಗರದ ಹತ್ತಿರದ ಒಂದು ಮನೆಗೆ ತೆಗೆದುಕೊಂಡು ಹೋದೆ. ಜೊತೆಗೆ ಇದ್ದಿಲು ಪುಡಿ, ಜಿಗಟು ಪುಡಿ, ಒಂದು ಕಟ್ಟು ಬಿದಿರು ಕಡ್ಡಿ. ನಾನೇ ಕಲಸಿದೆ. ಜಿಗಟು ಕಮ್ಮಿ, ನೀರು ಜಾಸ್ತಿ. ಕಡ್ಡಿಗೆ ಹತ್ತಿಸಿ ಎತ್ತಿದರೆ ಎಲ್ಲ ಉದುರಿ ನನ್ನ ಸೀರೆ ಮೇಲೆ ಬಿತ್ತು.

ಆ ಮನೆಯ ಅಜ್ಜಿಗೆ ಎಪ್ಪತ್ತರ ಮೇಲಿರಬೇಕು. ಅದುವರೆಗೂ "ಏನೂ ನೆನಪಿಲ್ಲ" ಅನ್ನುತ್ತಿದ್ದರು. ನಕ್ಕಿದ್ದೇ ನಕ್ಕಿದ್ದು. "ಅಯ್ಯೋ, ಬಿಡಮ್ಮ ಇತ್ಲಾಗೆ! ಈ ಹಿಟ್ಟು ದೋಸೆಗೂ ಬರಲ್ಲ" ಅಂತ ಬಟ್ಟಲು ಕಿತ್ತುಕೊಂಡರು. ಇನ್ನಷ್ಟು ಜಿಗಟು ಹಾಕಿ ನಾದಿದರು. ಚಿಟಿಕೆ ಹಿಟ್ಟು, ಒಂದು ಕಡ್ಡಿ, ಅಂಗೈ ಒಂದು ಸಲ ಮುಂದೆ, ಒಂದು ಸಲ ಹಿಂದೆ. ಮುಗಿಯಿತು. ಇಪ್ಪತ್ತು ವರ್ಷದಿಂದ ಹಲಗೆ ಮುಟ್ಟಿಲ್ಲದ ಕೈ ಅದು. ಹತ್ತು ನಿಮಿಷ ಬಿಟ್ಟು ಅವರಾಗಿಯೇ ಶುರು ಮಾಡಿದರು. "ಇಷ್ಟು ದಪ್ಪ ಹೊಸೆದ್ರೆ ಅವನು ತಗೋತಿರಲಿಲ್ಲ. ವಾಪಸ್ ಎಸೀತಿದ್ದ. ತೆಳ್ಳಗಾದ್ರೆ ತೂಕ ಬರಲ್ಲ ಅಂತ ದುಡ್ಡು ಕಟ್..." ಅಂದು ಮೂರು ಗಂಟೆ. ರೆಕಾರ್ಡರ್ ಬ್ಯಾಟರಿ ಮುಗಿದು ಫೋನಿನಲ್ಲಿ ಮಾಡಿಕೊಂಡೆ.

ಈಗ ನನಗೆ ಚೆನ್ನಾಗಿ ಕಲಸೋಕೆ ಬರುತ್ತದೆ. ಆದರೂ ಹೊಸ ಮನೆಗೆ ಹೋದಾಗ ಜಿಗಟು ಸ್ವಲ್ಪ ಕಮ್ಮಿಯೇ ಹಾಕುತ್ತೇನೆ. ಎಷ್ಟು ಕಮ್ಮಿ ಅಂತ ಕೇಳಬೇಡಿ. ಪೂರ್ತಿ ಕೆಟ್ಟರೆ ಅವರಿಗೆ ಬೇಜಾರಾಗುತ್ತದೆ, ಸ್ವಲ್ಪ ಕೆಟ್ಟರೆ ಕೈ ತಾನಾಗಿ ಬರುತ್ತದೆ.

ಮೇಷ್ಟ್ರು ನಾಟಕ ಅಂದದ್ದು ಇದಕ್ಕೇ. ಅವರ ಮಾತು ಪೂರ್ತಿ ತಪ್ಪಲ್ಲ. ಕೈ ಓಡುವಾಗ ಬರುವ ಮಾತು ಸ್ವಲ್ಪ ಜಂಬದ ಮಾತು. "ನಾನು ದಿನಕ್ಕೆ ಎಂಟು ಸಾವಿರ ಹೊಸೀತಿದ್ದೆ" ಅಂತ ಹೇಳಿದವರಿದ್ದಾರೆ. ಅಲ್ಲೇ ನನ್ನ ಕ್ಯಾಷಿಯರ್ ಬುದ್ಧಿ ಕೆಲಸಕ್ಕೆ ಬಂದದ್ದು. ನಾನು ಗಡಿಯಾರ ಇಟ್ಟು ಎಣಿಸುತ್ತೇನೆ. ಕಾಲು ಗಂಟೆಗೆ ಎಷ್ಟು ಕಡ್ಡಿ ಅಂತ. ವಯಸ್ಸಿಗೆ ಸ್ವಲ್ಪ ಕೂಡಿಸಿ ಗುಣಿಸಿದರೆ ಒಳ್ಳೆಯ ಕೈಗೆ ದಿನಕ್ಕೆ ನಾಲ್ಕು, ನಾಲ್ಕೂವರೆ ಸಾವಿರ ಬರುತ್ತದೆ. ಅದಕ್ಕಿಂತ ಜಾಸ್ತಿ ಹೇಳಿದರೆ ಒಂದೋ ಜಂಬ, ಇಲ್ಲಾ ಇನ್ಯಾರದೋ ಕೈ ಸೇರಿದೆ. ಈ ಎರಡನೇದು ಎಷ್ಟು ದೊಡ್ಡ ವಿಷಯ ಅಂತ ಆಮೇಲೆ ಗೊತ್ತಾಯಿತು.

ಈಗ ವರ್ಷದ ತಾಪತ್ರಯ. ವರ್ಷ ಕೇಳಬಾರದು, ರೇಟು ಕೇಳಬೇಕು. "ಸಾವಿರಕ್ಕೆ ಎಷ್ಟು ಕೊಡ್ತಿದ್ರು?" ಅಂದರೆ ಸಾವಿರ ಕಡ್ಡಿ ಹೊಸೆದರೆ ಕೂಲಿ ಎಷ್ಟು ಅಂತ. ಮಗಳು ಹುಟ್ಟಿದ ವರ್ಷ ಮರೆತವರಿಗೂ ಸಾವಿರದ ರೇಟು ಪೈಸೆ ಸಮೇತ ನೆನಪಿದೆ. ಅದು ಏರಿದ್ದು ಯಾವಾಗ, ಯಾರು ಏರಿಸಿದರು, ಎಷ್ಟು ದಿನ ಮಾಲು ಎತ್ತದೆ ಕೂತಿದ್ದಕ್ಕೆ ಏರಿತು, ಎಲ್ಲ ನೆನಪಿದೆ. ಆ ರೇಟುಗಳನ್ನು ಏಣಿಯ ಮೆಟ್ಟಿಲಿನ ಹಾಗೆ ಬರೆದುಕೊಂಡು, ಪಕ್ಕದಲ್ಲಿ ಊರಿಗೆಲ್ಲ ಗೊತ್ತಿರುವ ಘಟನೆ ಇಡುತ್ತೇನೆ. ಮೈಸೂರಿನವರಿಗೆ ಮೂರು ಸಾಕು. ಜಯಚಾಮರಾಜ ಒಡೆಯರು ತೀರಿಕೊಂಡದ್ದು, 1974 ಸೆಪ್ಟೆಂಬರ್. ಪ್ರೀಮಿಯರ್ ಸ್ಟುಡಿಯೋದಲ್ಲಿ ಧಾರಾವಾಹಿ ಶೂಟಿಂಗ್ ವೇಳೆ ಬೆಂಕಿ ಬಿದ್ದು ಅಷ್ಟು ಜನ ಸತ್ತದ್ದು, 1989 ಫೆಬ್ರವರಿ. ರಾಜ್‌ಕುಮಾರ್ ಅಪಹರಣ, 2000 ಜುಲೈ. "ಸ್ಟುಡಿಯೋಗೆ ಬೆಂಕಿ ಬಿದ್ದಾಗ ಸಾವಿರಕ್ಕೆ ಎಷ್ಟಿತ್ತು ಅಜ್ಜಿ?" ಅಂದರೆ ತಡವರಿಸದೆ ಹೇಳುತ್ತಾರೆ. ನನ್ನ ಏರಿಯಾದ ಹೆಂಗಸರ ಮಾತು ಸರಾಸರಿ ಹಿಡಿದರೆ ಮಹಾರಾಜರು ಹೋದಾಗ ಒಂದೂವರೆ ರೂಪಾಯಿ ಆಸುಪಾಸು, ಸ್ಟುಡಿಯೋ ಬೆಂಕಿ ಹೊತ್ತಿಗೆ ಐದು, ಅಪಹರಣದ ಹೊತ್ತಿಗೆ ಹನ್ನೆರಡೋ ಹದಿಮೂರೋ. ಪುಸ್ತಕ ತೆಗೆದು ನೋಡದೆ ಬರೆಯುತ್ತಿದ್ದೇನೆ, ಒಂದೆರಡು ರೂಪಾಯಿ ಆಚೀಚೆ ಇರಬಹುದು. ಒಮ್ಮೆ ಏಣಿ ನಿಂತರೆ ಬೇರೆ ಎಲ್ಲವನ್ನೂ ಅದಕ್ಕೆ ಒರಗಿಸಬಹುದು. "ಮಗಳ ಬಾಣಂತನಕ್ಕೆ ಮೂರೂವರೆ ರೇಟಿನಲ್ಲಿ ಹೊಸೆದೆ" ಅಂದರೆ ನನಗೆ ಹೆಚ್ಚುಕಮ್ಮಿ ವರ್ಷ ಸಿಕ್ಕಿತು.

ಇದರಲ್ಲಿ ಒಂದು ಗುಂಡಿ ಇದೆ, ನಾನೇ ಬಿದ್ದಿದ್ದೇನೆ. ಒಬ್ಬ ಅಮ್ಮ "ಎಂಟಾಣೆ ಕೊಡ್ತಿದ್ರು" ಅಂದರು. ಆಣೆ ಹೋಗಿ ನಯಾ ಪೈಸೆ ಬಂದದ್ದು 1957ರಲ್ಲಿ ಅಲ್ವಾ, ಅದಕ್ಕಿಂತ ಹಿಂದಿನದು ಅಂತ ಬರೆದು ಗುಂಪಿಗೆಲ್ಲ ಕಳಿಸಿ ಮೆರೆದೆ. ಆಮೇಲೆ ನೋಡಿದರೆ ಆ ಅಮ್ಮ 1957ರಲ್ಲಿ ಕೂಸು! ಐವತ್ತು ಪೈಸೆಗೆ ನಾವೆಲ್ಲ ಮೊನ್ನೆಮೊನ್ನೆವರೆಗೂ ಎಂಟಾಣೆ ಅಂತಲೇ ಅಂತಿದ್ದೆವು. ಕೌಂಟರಿನಲ್ಲಿ ಕೂತು ನಾನೇ ಸಾವಿರ ಸಲ ಅಂದಿದ್ದೇನೆ. ಮೇಷ್ಟ್ರು ಇದನ್ನು ಇನ್ನೂ ಮರೆತಿಲ್ಲ.

ಇನ್ನು ಬೀಡಿ. ಇದಕ್ಕೆ ಹಲಗೆ ಹೊರುವ ಗೋಜಿಲ್ಲ. ಮಂಡಿ ಮೊಹಲ್ಲಾ, ಉದಯಗಿರಿ ಕಡೆ ಮೊರ, ಕತ್ತರಿ, ನೂಲು ಇನ್ನೂ ಮನೆಯಲ್ಲೇ ಇರುತ್ತವೆ. ಇಲ್ಲಿನ ಹೆಂಗಸರಿಗೆ ಕಾಗದವೂ ಇದೆ. 1966ರ ಬೀಡಿ ಕಾಯ್ದೆ ಮನೆಯಲ್ಲಿ ಕೂತು ಕಟ್ಟುವವರನ್ನೂ ಕಾರ್ಮಿಕರು ಅಂತ ಒಪ್ಪಿಕೊಂಡಿತು. ಮಾಲೀಕರು ಕೋರ್ಟಿಗೆ ಹೋದರು, 1974ರಲ್ಲಿ ಸುಪ್ರೀಂ ಕೋರ್ಟ್ ಕಾಯ್ದೆಯನ್ನೇ ಎತ್ತಿಹಿಡಿಯಿತು. 1976ರಲ್ಲಿ ಕಲ್ಯಾಣ ನಿಧಿ ಕಾಯ್ದೆ ಬಂತು. ಊದಿನಕಡ್ಡಿಯವರಿಗೆ ಇಂಥ ತಮ್ಮದೇ ಕಾಯ್ದೆ ಇಲ್ಲ. ಒಂದೇ ಬೀದಿಯಲ್ಲಿ ಎದುರುಬದುರು ಮನೆ, ಒಬ್ಬಳ ಹತ್ತಿರ ದಿನದ ಬೀಡಿ ಲೆಕ್ಕ ಬರೆಯುವ ಪುಸ್ತಕ, ಇನ್ನೊಬ್ಬಳ ಹತ್ತಿರ ಬರೀ ಕರಿ ಕೈ.

ಪುಸ್ತಕ ನೋಡಿ ನನಗೆ ಮೊದಲು ಬಹಳ ಸಂತೋಷವಾಯಿತು. ಸಾಕ್ಷಿ ಸಿಕ್ಕಿತು ಅಂತ. ಮಂಡಿ ಮೊಹಲ್ಲಾದ ಒಂದು ಮನೆಯಲ್ಲಿ ಟ್ರಂಕಿನ ತಳದಿಂದ ಎಂಬತ್ತರ ದಶಕದ ಪುಸ್ತಕ ತೆಗೆದು ಕೊಟ್ಟರು. ಒಬ್ಬ ಕಾರ್ಮಿಕಳು, ದಿನಕ್ಕೆ ಎರಡು ಸಾವಿರದ ಇನ್ನೂರು ಬೀಡಿ, ಕೆಲವು ದಿನ ಎರಡೂವರೆ ಸಾವಿರ. ಆ ಅಮ್ಮ ಮಾತಾಡುತ್ತಲೇ ಬೀಡಿ ಕಟ್ಟುತ್ತಿದ್ದರು. ನಾನು ಗಡಿಯಾರ ನೋಡಿದೆ. ಅರ್ಧ ಗಂಟೆಗೆ ಐವತ್ತು, ಅಂದರೆ ಎರಡು ಕಟ್ಟು. ಗಂಟೆಗೆ ನೂರು.

"ಆಪಾ, ದಿನಕ್ಕೆ ಇಪ್ಪತ್ತೆರಡು ಗಂಟೆ ಬೀಡಿ ಕಟ್ಟಿದ್ರಾ?" ಅಂತ ಕೇಳಿದೆ.

ಮೊದಲು ನಕ್ಕರು. ಆಮೇಲೆ ಕೈ ನಿಂತಿತು. ನಂತರ ಒಂದೊಂದೇ ಹೆಸರು ಬಂತು. ಎಲೆ ಕತ್ತರಿಸುತ್ತಿದ್ದದ್ದು ನಾದಿನಿ. ಕಟ್ಟುತ್ತಿದ್ದದ್ದು ಇವರು ಮತ್ತು ದೊಡ್ಡ ಮಗಳು. ಬೀಡಿಯ ತುದಿ ಮಡಚುತ್ತಿದ್ದದ್ದು ಒಂಬತ್ತು ವರ್ಷದ ಚಿಕ್ಕವಳು, ಸ್ಕೂಲಿನಿಂದ ಬಂದ ಮೇಲೆ. "ಸಣ್ಣ ಬೆರಳು ಅಕ್ಕಾ, ಚೆನ್ನಾಗಿ ಮಡಚೋದು." ಪುಸ್ತಕ ಮಾತ್ರ ಅತ್ತೆ ಹೆಸರಿನಲ್ಲಿ. ಅತ್ತೆಗೆ ಆಗಲೇ ಕಣ್ಣು ಕಾಣುತ್ತಿರಲಿಲ್ಲ. ಪುಸ್ತಕದ ಪ್ರಕಾರ ಎಲ್ಲ ಬೀಡಿಯನ್ನೂ ಕಟ್ಟಿದವರು ಅವರೊಬ್ಬರೇ. ಅತ್ತೆ ತೀರಿಕೊಂಡ ಮೇಲೆ? "ಪುಸ್ತಕ ಅತ್ತೆ ಜೊತೇಲೇ ಹೋಯ್ತು. ನಾನು ಹೊಸಬಳು ಆದೆ." ಇಪ್ಪತ್ತು ವರ್ಷ ಕಟ್ಟಿದ ಮೇಲೆ ಹೊಸಬಳು!

ಆ ದಿನ ಮನೆಗೆ ಬಂದು ಹಳೆಯ ಆಡಿಯೋ ಎಲ್ಲ ಮತ್ತೆ ಕೇಳಿದೆ. ಜಂಬ ಅಂತ ಹೊಡೆದುಹಾಕಿದ್ದ "ದಿನಕ್ಕೆ ಎಂಟು ಸಾವಿರ ಕಡ್ಡಿ" ಮನೆಗೆ ಮತ್ತೆ ಹೋದೆ. ಅಲ್ಲೂ ಎರಡು ಜೊತೆ ಕೈ. ತಂಗಿ ಮದುವೆಯಾಗಿ ಹೋಗುವವರೆಗೂ ಪಕ್ಕದಲ್ಲಿ ಕೂತಿದ್ದಳು, "ನನ್ನ ಲೆಕ್ಕಕ್ಕೇ ಸೇರ್ತಿತ್ತು, ಅವಳ ಮದುವೆಗೇ ಅಲ್ವಾ ಕೂಡಿಟ್ಟಿದ್ದು" ಅಂದರು. ಅಂದಿನಿಂದ ನನ್ನ ಪದ್ಧತಿ ಇದು: ದಿನದ ಲೆಕ್ಕ ಕೇಳು, ಕೈಯ ವೇಗ ಎಣಿಸು, ಭಾಗಿಸು. ಉಳಿದದ್ದು ಯಾರ ಕೈ ಅಂತ ಕೇಳು. ಇಷ್ಟೇ ನನ್ನ ಸಂಶೋಧನೆ. ಬ್ಯಾಂಕಿನಲ್ಲಿ ಸಂಜೆ ಕ್ಯಾಷ್ ಟ್ಯಾಲಿ ಆಗದಿದ್ದರೆ ಮನೆಗೆ ಬಿಡುತ್ತಿರಲಿಲ್ಲ. ಅದೇ ಅಭ್ಯಾಸ.

ನೂಲಿನ ಗಿರಣಿಯಲ್ಲಿದ್ದ ಒಬ್ಬರಿಗೆ ಒಂದು ಉಂಡೆ ನೂಲು ಕೊಟ್ಟೆ, ಮಧ್ಯೆ ಎರಡು ಕಡೆ ಕತ್ತರಿಸಿ. ಅವರು ನನ್ನ ಮುಖ ನೋಡುತ್ತಲೇ, ಕೆಳಗೆ ನೋಡದೆ, ಗಂಟು ಹಾಕಿಬಿಟ್ಟರು. ಗಂಟು ಎಲ್ಲಿದೆ ಅಂತ ನನಗೆ ಬೆರಳಿಗೂ ಸಿಗಲಿಲ್ಲ. ಹಳೆಯ ಗಿರಣಿಗಳಲ್ಲಿ ಹೆಂಗಸರಿಗೆ ಕೊಡುತ್ತಿದ್ದದ್ದು ಹೆಚ್ಚಾಗಿ ವೈಂಡಿಂಗ್, ರೀಲಿಂಗ್, ಅಂದರೆ ನೂಲು ಸುತ್ತುವ ಕೆಲಸ. 1948ರ ಕಾರ್ಖಾನೆ ಕಾಯ್ದೆ ಹೆಂಗಸರಿಗೆ ಸಂಜೆ ಏಳರಿಂದ ಬೆಳಿಗ್ಗೆ ಆರರವರೆಗೆ ಕೆಲಸ ಬೇಡ ಅಂದಿತು. ಒಳ್ಳೆಯದಕ್ಕೇ ಮಾಡಿದ್ದು. ಆದರೆ ಮೂರು ಪಾಳಿ ಓಡಿಸುವವನಿಗೆ ಯಾವ ಪಾಳಿಗೂ ಹಾಕಬಹುದಾದ ಗಂಡಾಳೇ ಅನುಕೂಲ. ಅದರ ಮೇಲೆ ಹೆರಿಗೆ ಭತ್ಯೆ, ಮಕ್ಕಳ ಕೋಣೆ ಅಂತ ಖರ್ಚು. ಆ ಅಮ್ಮ ಒಂದೇ ಮಾತಿನಲ್ಲಿ ಹೇಳಿದರು: "ನಮ್ಮನ್ನ ಯಾರೂ ತೆಗೀಲಿಲ್ಲ. ನಾವು ಬಿಟ್ಟ ಜಾಗಕ್ಕೆ ಇನ್ನೊಬ್ಬ ಹೆಂಗಸು ಬರಲಿಲ್ಲ, ಅಷ್ಟೇ." ಈ ಒಂದು ಮಾತಿಗೆ ಆ ತಿಂಗಳ ಖರ್ಚೆಲ್ಲ ಸಾರ್ಥಕ ಅನ್ನಿಸಿತು.

ಖರ್ಚಿನ ಮಾತು ಬಂತಲ್ಲ, ಹೇಳಿಬಿಡುತ್ತೇನೆ. ಮೂರು ವರ್ಷಕ್ಕೆ ಎಂಬತ್ತು ಸಾವಿರ ದಾಟಿದೆ. ರೆಕಾರ್ಡರ್, ಮೈಕು ಎಂಟೂವರೆ ಸಾವಿರ. ಆಡಿಯೋ ಕೇಳಿ ಟೈಪ್ ಮಾಡುವ ಹುಡುಗಿಗೆ ಗಂಟೆಗೆ ಐನೂರು, ಅದೇ ಮೂವತ್ತೈದು ಸಾವಿರದ ಮೇಲಾಯಿತು. ಆಟೋ, ಬಸ್ಸು ಹನ್ನೆರಡು ಸಾವಿರ. ಮಿಕ್ಕಿದ್ದು ಹೆಂಗಸರಿಗೆ. ಹೌದು, ನಾನು ದುಡ್ಡು ಕೊಡುತ್ತೇನೆ. ಗುಂಪಿನಲ್ಲಿ ಇದಕ್ಕೆ ದೊಡ್ಡ ಜಗಳವೇ ಆಯಿತು. ದುಡ್ಡು ಕೊಟ್ಟರೆ ಸುಳ್ಳು ಹೇಳ್ತಾರೆ ಅಂತ. ಸೀರೆ ಕೊಟ್ಟಾಗ ಸುಳ್ಳು ಬಂತು, ನಿಜ. ಕೂಲಿ ಕೊಟ್ಟಾಗ ಬರಲಿಲ್ಲ. ಸೀರೆ ಉಡುಗೊರೆ, ಋಣ ತೀರಿಸಬೇಕು. ಕೂಲಿ ಲೆಕ್ಕ, ಅಲ್ಲಿಗಲ್ಲಿಗೆ ಮುಗಿಯಿತು. ಇನ್ನೂ ದುಡಿಯುತ್ತಿರುವವಳ ಅರ್ಧ ದಿನ ನಾನು ತಿಂದರೆ ಅರ್ಧ ದಿನದ ಕೂಲಿ ಎಣಿಸಿ ಇಡುತ್ತೇನೆ, ಇನ್ನೂರೋ ಇನ್ನೂರೈವತ್ತೋ, ಕೂತ ಕೂಡಲೇ, ಮಾತಿಗೆ ಮುಂಚೆ. ಅವರ ಕಸುಬಿನ ಬಗ್ಗೆ ಕೇಳುತ್ತಾ ಅವರ ಕಸುಬು ಕೆಡಿಸೋದು ಯಾವ ನ್ಯಾಯ?

ಶಬ್ದದ್ದು ದೊಡ್ಡ ಕಾಟ. ಅಂಗೈ ಹಲಗೆ ಮೇಲೆ ಉಜ್ಜುವ ಸದ್ದು ಮೈಕಿಗೆ ಬಿದ್ದರೆ ಮಾತೇ ಕೇಳಿಸಲ್ಲ. ಮೊದಲ ಆರೇಳು ಆಡಿಯೋ ಹಾಗೇ ಹಾಳಾದವು. ಸೆರಗಿಗೆ ಮೈಕು ಸಿಕ್ಕಿಸಿದರೆ ಬಳೆ ಸದ್ದು. ಈಗ ಒಂದು ಜಾಗ ಕಂಡುಕೊಂಡಿದ್ದೇನೆ. ಉಜ್ಜುವ ಸದ್ದೂ ಹದವಾಗಿ ಹಿಂದೆ ಇರುತ್ತದೆ, ಮಾತೂ ಸ್ಪಷ್ಟ. ಎಲ್ಲಿ ಅಂತ ಹೇಳಲ್ಲ. ಅದಕ್ಕೆ ನಾನು ಐದು ತಿಂಗಳು ತೆತ್ತಿದ್ದೇನೆ, ನೀವೂ ಸ್ವಲ್ಪ ತೆರಿ. ಹೊರಡುವ ಮುಂಚೆ ಚಪ್ಪಲಿ ಹಾಕಿಕೊಳ್ಳುತ್ತಾ ಕೇಳುವ ಒಂದು ಪ್ರಶ್ನೆಯೂ ಇದೆ, ಅದನ್ನೂ ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ಕೆಲವು ಪ್ರಯೋಗ ಮಣ್ಣುಪಾಲಾದವು. ವಾಸನೆಗೆ ನೆನಪು ಜಾಸ್ತಿ ಬರುತ್ತದೆ ಅಂತ ಯಾರೋ ಹೇಳಿದರು. ಒಳ್ಳೊಳ್ಳೆಯ ಮಲ್ಲಿಗೆ, ಗಂಧದ ಊದಿನಕಡ್ಡಿ ಹಚ್ಚಿಟ್ಟು ಕೂತೆ. ಯಾರಿಗೂ ಏನೂ ಆಗಲಿಲ್ಲ. ಕೊನೆಗೆ ಒಬ್ಬರು, "ಸೆಂಟು ನಮ್ಮ ಮೂಗಿಗೆ ಯಾವತ್ತು ಬಿತ್ತು ಹೇಳಿ? ನಾವು ಹೊಸೆದಿದ್ದು ಕಚ್ಚಾ ಬತ್ತಿ. ಸೆಂಟಿಗೆ ಅದ್ದೋದು ಅಲ್ಲಿ, ಕಾರ್ಖಾನೇಲಿ" ಅಂದರು. ಸರಿಯಾಗಿ ಹೇಳಿದರು. ಮೈಸೂರು ಊದಿನಕಡ್ಡಿ ಅಂದರೆ ಜಗತ್ತಿಗೆ ಪರಿಮಳ, ಹೊಸೆದವರಿಗೆ ಇದ್ದಿಲು. ಆಮೇಲೆ ಬರೀ ಇದ್ದಿಲು ಪುಡಿಯ ಡಬ್ಬ ತೆರೆದು ಇಟ್ಟೆ, ಅದು ಕೆಲಸ ಮಾಡಿತು.

ರೇಷ್ಮೆಯಲ್ಲಿ ನಾನು ಮಾಡಿದ್ದು ತಪ್ಪೇ. ತಿ.ನರಸೀಪುರದ ಕಡೆ, ಫಿಲೇಚರಿನಲ್ಲಿ, ಅಂದರೆ ರೇಷ್ಮೆಗೂಡಿನಿಂದ ನೂಲು ತೆಗೆಯುವ ಕಾರ್ಖಾನೆಯಲ್ಲಿ, ನೂಲು ಬಿಚ್ಚುತ್ತಿದ್ದ ಒಬ್ಬ ಅಜ್ಜಿ. ಅರ್ಧ ಕೆಜಿ ಗೂಡು ತೆಗೆದುಕೊಂಡು ಹೋಗಿ ಅವರ ಒಲೆ ಮೇಲೆ ನೀರಿಟ್ಟು ಕುದಿಸಿದೆ. ಹುಳ ಬೆಂದ ವಾಸನೆಗೆ ಪಕ್ಕದ ಮನೆಯವರು ಬಾಗಿಲು ಹಾಕಿಕೊಂಡರು. ಅಜ್ಜಿ ಪಾತ್ರೆ ಹತ್ತಿರ ಬರಲೇ ಇಲ್ಲ. ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡು ಕೂತರು. "ಸಾಕು ಕಣವ್ವ. ಈ ಕೈ ಬೆಂದದ್ದು ಸಾಕು." ಬಿಸಿನೀರಿನಲ್ಲಿ ದಿನವಿಡೀ ಎಳೆ ಹುಡುಕಿ ಹುಡುಕಿ ಬೆರಳ ತುದಿ ಬೆಳ್ಳಗೆ ಸುಲಿದು, ಮನೆಯಲ್ಲಿ ಸಾರಿಗೆ ಖಾರ ಕಲಸಲೂ ಆಗುತ್ತಿರಲಿಲ್ಲವಂತೆ. ನೀರು ಚೆಲ್ಲಿ, ಗೂಡು ಹೊರಗೆ ಎಸೆದು ಬಂದೆ. ನಾನು ವಾಪಸ್ ಕೂತ ಮೇಲೆ, ಪಾತ್ರೆ ಇಲ್ಲದ ಮೇಲೆ, ಅವರು ಮಾತಾಡಿದರು. ಎಲ್ಲ ಕೈಗೂ ಹಳೆಯ ಕೆಲಸ ಕೊಡಬಾರದು. ರೇಷ್ಮೆಗೆ ಈಗ ಬರೀ ಒಂದು ಲಡಿ ನೂಲು ಒಯ್ಯುತ್ತೇನೆ, ಅದೂ ಒಣಗಿದ್ದು.

ಮಂಡ್ಯಕ್ಕೂ ನಾಲ್ಕು ಸಲ ಹೋದೆ. ಸಕ್ಕರೆ ಕಾರ್ಖಾನೆ ಬಗ್ಗೆ ಕೇಳಿದರೆ ನಾನು ಕೇಳಿದ ಹೆಂಗಸರೆಲ್ಲ "ಒಳಗೆ ಹೋಗಿಲ್ಲ ಬುಡವ್ವ" ಅಂದರು. ಸುಮ್ನೆ ವಾಪಸ್ ಬರುವಾಗ ದಾರಿಯಲ್ಲಿ ಒಂದು ಆಲೆಮನೆ. ಅಲ್ಲಿ ಕಬ್ಬಿನ ಹಸಿ ಸಿಪ್ಪೆಯನ್ನು ಬಿಸಿಲಿಗೆ ಹರಡಿ, ತಿರುವಿ, ಒಣಗಿಸಿ ಒಲೆಗೆ ಹೊರುತ್ತಿದ್ದವರು ಹೆಂಗಸರೇ. ಸಿಪ್ಪೆ ಒಣಗದಿದ್ದರೆ ಉರಿ ಇಲ್ಲ, ಉರಿ ಇಲ್ಲದಿದ್ದರೆ ಬೆಲ್ಲ ಇಲ್ಲ. ಕೂಲಿ ಎಷ್ಟು ಅಂದರೆ, "ಅದು ಅವ್ರ ಲೆಕ್ಕದಾಗೆ ಸೇರ್ಕಂಡದೆ" ಅಂತ ಗಂಡನ ಕಡೆ ಕೈ ತೋರಿಸಿದಳು. ಮತ್ತೆ ಅದೇ! ಗಂಡನನ್ನು ಕೇಳಿದೆ, ಒಬ್ಬನೇ ಬಂದರೆ ಎಷ್ಟು ಕೊಡ್ತಾರೆ ಅಂತ. ಅವನು ತಲೆ ಕೆರೆದುಕೊಂಡು, "ಒಬ್ನೇ ಬಂದ್ರೆ ಕರ್ಕಳಲ್ಲ" ಅಂದ. ಆಲೆಮನೆಯ ಕೆಲಸ ಇನ್ನೂ ಅರ್ಧದಲ್ಲಿದೆ, ಈ ಸುಗ್ಗಿಗೆ ಮತ್ತೆ ಹೋಗಬೇಕು.

ಗಾರ್ಮೆಂಟ್ಸ್ ಹುಡುಗಿಯರ ಹತ್ತಿರ ನನ್ನ ಪದ್ಧತಿ ನಡೆಯಲೇ ಇಲ್ಲ. ಮದ್ದೂರು, ಶ್ರೀರಂಗಪಟ್ಟಣದ ಕಡೆಯವರು. ಅವರದು ತಿಂಗಳ ಸಂಬಳ, ಸಾವಿರಕ್ಕೆ ಎಷ್ಟು ಅಂದರೆ ಮಿಕಮಿಕ ನೋಡುತ್ತಾರೆ. ಅವರಿಗೆ ನೆನಪಿರೋದು ಗಂಟೆಯ ಟಾರ್ಗೆಟ್. ಪೂರ್ತಿ ಶರ್ಟು ಯಾರೂ ಹೊಲಿದಿಲ್ಲ. ಒಬ್ಬಳು ಆರು ವರ್ಷ ಕಾಲರ್, ಇನ್ನೊಬ್ಬಳು ಬರೀ ಕಫ್. ಆದರೆ 2016ರ ಏಪ್ರಿಲ್ ಕೇಳಿ, ಬೆಂಗಳೂರಿನಲ್ಲಿ ಗಾರ್ಮೆಂಟ್ಸ್ ಹೆಂಗಸರು ಪಿಎಫ್ ದುಡ್ಡು ತೆಗೆಯೋಕೆ ತಡೆ ಹಾಕಿದ ಹೊಸ ನಿಯಮದ ವಿರುದ್ಧ ರಸ್ತೆಗೆ ಇಳಿದು, ಕೇಂದ್ರ ಸರ್ಕಾರ ಅದನ್ನು ವಾಪಸ್ ತೆಗೆದುಕೊಂಡದ್ದು. ಎಲ್ಲರಿಗೂ ತಾರೀಖು ಸಮೇತ ನೆನಪಿದೆ. ಅವರ ಏಣಿ ಬೇರೆ, ಅದನ್ನು ಕಟ್ಟುವುದು ನನಗಿಂತ ಚಿಕ್ಕವರಿಗೆ ಬಿಟ್ಟದ್ದು.

ಈಗ ಟ್ಯಾಲಿ. ಹದಿಮೂರು ಜನರ ಹತ್ತಿರ ಏನಾದರೊಂದು ಕಾಗದ ಸಿಕ್ಕಿತು. ಬೀಡಿ ಪುಸ್ತಕ, ಕಾರ್ಮಿಕರ ವಿಮೆಯ ಇಎಸ್‌ಐ ಕಾರ್ಡು, ಪಿಎಫ್ ಚೀಟಿ. ಒಂದನ್ನು ಗೆದ್ದಲು ತಿಂದಿತ್ತು. ಮಿಕ್ಕ ಹನ್ನೆರಡರಲ್ಲಿ ಒಂಬತ್ತು ನನ್ನ ರೇಟಿನ ಏಣಿಗೆ ಒಂದೆರಡು ವರ್ಷದೊಳಗೆ ಕೂಡಿದವು. ಎರಡು ಐದಾರು ವರ್ಷ ತಪ್ಪಿದವು. ಇನ್ನೊಂದು ಆ ಎಂಟಾಣೆ ಅಮ್ಮನದು, ಅದನ್ನು ಬಿಡಿ. ಬಾಯಿಮಾತಿನಿಂದ ಇಷ್ಟು ಹತ್ತಿರದ ವರ್ಷ ತೆಗೆದವರು ನಮ್ಮ ಗುಂಪಿನಲ್ಲಿ ಇನ್ನೊಬ್ಬರಿದ್ದರೆ ಹೇಳಲಿ.

ಅಂದಹಾಗೆ ಕೈಯಲ್ಲಿ ಬತ್ತಿ ಹೊಸೆಯೋದು ಈಗ ಹೆಚ್ಚುಕಮ್ಮಿ ನಿಂತೇ ಹೋಗಿದೆ. ಮೊದಲು ಪೆಡಲ್ ಮೆಷಿನ್ ಬಂತು, ಆಮೇಲೆ ಮೋಟರಿನದು. ವಿಯೆಟ್ನಾಮಿನಿಂದ ಕ್ವಿಂಟಾಲುಗಟ್ಟಲೆ ಕಚ್ಚಾ ಬತ್ತಿ ಬಂತು. 2019ರಲ್ಲಿ ಸರ್ಕಾರ ಆಮದಿಗೆ ಕಡಿವಾಣ ಹಾಕಿದರೂ ಬೆಳೆದದ್ದು ಮೆಷಿನ್ನೇ, ನಮ್ಮ ಬೀದಿಯ ಹಲಗೆಗಳು ಅಟ್ಟದಿಂದ ಇಳಿಯಲಿಲ್ಲ. ಹಾಗಾಗಿ ಮಾಡುವವರು ಬೇಗ ಮಾಡಿ. ನಾನು ಮಾತಾಡಿಸಿದವರಲ್ಲೇ ನಾಲ್ಕು ಜನ ಈಗ ಇಲ್ಲ. ದೋಸೆ ಹಿಟ್ಟು ಅಂದ ಅಜ್ಜಿಯೂ ಹೋದ ವರ್ಷ ಹೋದರು. ಅವರ ಮಗಳು ಆಡಿಯೋ ಕೇಳಿ ನಗುವ ಜಾಗ ಮಾತ್ರ ಫೋನಿಗೆ ಹಾಕಿಸಿಕೊಂಡಳು.

ಮೊನ್ನೆ ಭಾನುವಾರ ಮೇಷ್ಟ್ರ ಫೋನ್ ಬಂತು. ಅವರ ಚಿಕ್ಕಮ್ಮ ಒಬ್ಬರು ನಂಜನಗೂಡಿನಲ್ಲಿದ್ದಾರೆ, ಎಂಬತ್ತೆರಡು ವರ್ಷ, ಹಿಂದೆ ಕಡ್ಡಿ ಹೊಸೆಯುತ್ತಿದ್ದರಂತೆ. ಇಷ್ಟು ವರ್ಷ ಅವರಿಗೇ ಗೊತ್ತಿರಲಿಲ್ಲವಂತೆ. ಸ್ವಲ್ಪ ಹೊತ್ತು ಹವಾಮಾನ, ಮೊಮ್ಮಕ್ಕಳು ಅಂತ ಮಾತಾಡಿ, ಕೊನೆಗೆ, "ಮೇಡಂ, ಜಿಗಟು ಪುಡಿ ಎಲ್ಲಿ ಸಿಗುತ್ತೆ?" ಅಂತ ಕೇಳಿದರು. ಅಂಗಡಿ ಹೆಸರು ಹೇಳಿದೆ. ಎಷ್ಟು ಹಾಕಬೇಕು ಅಂತ ಕೇಳಿದರು. ಅದನ್ನು ಚಿಕ್ಕಮ್ಮನನ್ನೇ ಕೇಳಿ ಅಂದೆ.